ಸಲೀಸಾಗಿ ಕಂಡದ್ದೆಲ್ಲ ಕಲಿಕೆಯಲ್ಲ

ಶಸ್ತ್ರಚಿಕಿತ್ಸೆಯ ಬಗ್ಗೆಯೋ ಸೇತುವೆ ಕಟ್ಟುವುದರ ಬಗ್ಗೆಯೋ ಬಾಯಿಬಿಡಲು ಹಿಂಜರಿಯುವವರು ಕೂಡ ಮಕ್ಕಳು ಹೇಗೆ ಕಲಿಯುತ್ತಾರೆ, ಶಿಕ್ಷಕರು ಹೇಗೆ ಕಲಿಸಬೇಕು ಎಂಬ ಮಾತು ಬಂದಾಗ ಬಹಳ ಖಚಿತವಾಗಿ ಮಾತನಾಡುತ್ತಾರೆ. ಇದು ಸಹಜವೇ. ಓದಿದವರೆಲ್ಲರೂ ವರ್ಷಗಟ್ಟಲೆ ತರಗತಿಯಲ್ಲಿ ಕುಳಿತು ಬಂದವರು. ಪಾಠ ಕೇಳಿದ, ಪರೀಕ್ಷೆ ಬರೆದ, ಕೆಲವನ್ನು ನೆನಪಿಟ್ಟುಕೊಂಡ ಮತ್ತು ಬಹುಪಾಲನ್ನು ಮರೆತ ಅನುಭವ ಎಲ್ಲರಿಗೂ ಇದೆ. ಆದರೆ ಕಲಿಕೆಯ ವಿಷಯದಲ್ಲಿ ಅನುಭವವೇ ನಮ್ಮನ್ನು ದಾರಿ ತಪ್ಪಿಸುತ್ತದೆ ಎಂಬುದು ಮನೋವಿಜ್ಞಾನದ ಪ್ರಯೋಗಗಳು ಮತ್ತೆ ಮತ್ತೆ ತೋರಿಸಿಕೊಟ್ಟ ಸಂಗತಿ. ಪಾಠ ಮಾಡುವುದು ನನ್ನ ವೃತ್ತಿ. ಶಿಕ್ಷಕರ ತರಬೇತಿಗಳಲ್ಲಿಯೂ ಆಗಾಗ ಪಾಲ್ಗೊಳ್ಳುತ್ತೇನೆ. ಅಲ್ಲಿ ಕೇಳಿಬರುವ ತಪ್ಪು ಕಲ್ಪನೆಗಳು ಮೇಲ್ನೋಟಕ್ಕೆ ಒಂದಕ್ಕೊಂದು ಸಂಬಂಧವಿಲ್ಲದವುಗಳಂತೆ ಕಂಡರೂ ಅವುಗಳಲ್ಲಿ ಹೆಚ್ಚಿನವು ಒಂದೇ ಬೇರಿನಿಂದ ಹುಟ್ಟುತ್ತವೆ ಎಂದು ನನಗೆ ಅನ್ನಿಸುತ್ತದೆ. ಆ ಗಳಿಗೆಯಲ್ಲಿ ಯಾವುದು ಸಲೀಸಾಗಿ ನಡೆಯುತ್ತದೆಯೋ ಅದನ್ನೇ ನಾವು ಕಲಿಕೆ ಎಂದು ಎಣಿಸುತ್ತೇವೆ.

ಅಮೆರಿಕದ ಮನೋವಿಜ್ಞಾನಿ ರಾಬರ್ಟ್ ಬ್ಯೋರ್ಕ್ ಅವರು ಹಲವು ದಶಕಗಳಿಂದ ಒತ್ತಿ ಹೇಳುತ್ತ ಬಂದಿರುವ ಒಂದು ವ್ಯತ್ಯಾಸವನ್ನು ಇಲ್ಲಿ ಮೊದಲೇ ಹೇಳಿಬಿಡುವುದು ಒಳ್ಳೆಯದು. ಅಭ್ಯಾಸದ ಹೊತ್ತಿನಲ್ಲಿ ವಿದ್ಯಾರ್ಥಿ ಏನನ್ನು ಮಾಡಿ ತೋರಿಸುತ್ತಾನೆ ಎಂಬುದು ಬೇರೆ, ವಾರಗಳು ಕಳೆದ ಮೇಲೂ ಅವನಲ್ಲಿ ಏನು ಉಳಿಯುತ್ತದೆ ಎಂಬುದು ಬೇರೆ. ಮೊದಲನೆಯದು ಕಣ್ಣಿಗೆ ಕಾಣುತ್ತದೆ, ಎರಡನೆಯದು ಕಾಣುವುದಿಲ್ಲ. ಒಂದು ಹೆಚ್ಚಾದರೆ ಇನ್ನೊಂದೂ ಹೆಚ್ಚಾಗುತ್ತದೆ ಎಂದು ನಂಬಲು ಯಾವ ಕಾರಣವೂ ಇಲ್ಲ. ಹಲವು ಸಂದರ್ಭಗಳಲ್ಲಿ ಅವು ವಿರುದ್ಧ ದಿಕ್ಕಿನಲ್ಲಿ ಸಾಗುತ್ತವೆ.

ಓದಿದ್ದನ್ನೇ ಮತ್ತೆ ಓದುವ ಅಭ್ಯಾಸವನ್ನು ತೆಗೆದುಕೊಳ್ಳೋಣ. 2009ರಲ್ಲಿ ಪ್ರಕಟವಾದ ಒಂದು ಸಮೀಕ್ಷೆಯಲ್ಲಿ 177 ಕಾಲೇಜು ವಿದ್ಯಾರ್ಥಿಗಳನ್ನು ನೀವು ಹೇಗೆ ಓದುತ್ತೀರಿ ಎಂದು ಕೇಳಿದಾಗ ಶೇಕಡ 84ರಷ್ಟು ಮಂದಿ ಪಠ್ಯವನ್ನೋ ಟಿಪ್ಪಣಿಯನ್ನೋ ಮತ್ತೆ ಓದುತ್ತೇವೆ ಎಂದಿದ್ದರು. ಪುಸ್ತಕ ಮುಚ್ಚಿ ನೆನಪಿನಿಂದ ಹೇಳಿಕೊಳ್ಳುತ್ತೇವೆ ಎಂದವರು ಶೇಕಡ 11 ಮಾತ್ರ. ಇದಕ್ಕೆ ಮೂರು ವರ್ಷ ಮೊದಲು ಹೆನ್ರಿ ರೋಡಿಗರ್ ಮತ್ತು ಜೆಫ್ರಿ ಕಾರ್ಪಿಕೆ ನಡೆಸಿದ ಪ್ರಯೋಗ ಈಗ ಪ್ರಸಿದ್ಧವಾಗಿದೆ. ಒಂದು ಗುಂಪಿನ ವಿದ್ಯಾರ್ಥಿಗಳು ಒಂದು ಸಣ್ಣ ಗದ್ಯಭಾಗವನ್ನು ನಾಲ್ಕು ಅವಧಿಗಳಲ್ಲಿಯೂ ಓದಿದರು. ಇನ್ನೊಂದು ಗುಂಪಿನವರು ಒಂದೇ ಅವಧಿ ಓದಿ, ಉಳಿದ ಮೂರು ಅವಧಿಗಳಲ್ಲಿ ಪಠ್ಯವನ್ನು ನೋಡದೆ, ನೆನಪಾದಷ್ಟನ್ನು ಬರೆದರು. ಐದು ನಿಮಿಷದ ನಂತರ ಪರೀಕ್ಷಿಸಿದಾಗ ಓದುತ್ತಲೇ ಇದ್ದವರು ಶೇಕಡ 83ರಷ್ಟನ್ನು ನೆನಪಿಸಿಕೊಂಡರು, ಬರೆದವರು ಶೇಕಡ 71ರಷ್ಟನ್ನು. ಆದರೆ ವಾರದ ನಂತರ ಪರೀಕ್ಷಿಸಿದಾಗ ಲೆಕ್ಕ ತಿರುಗುಮುರುಗಾಗಿತ್ತು: ಓದಿದವರಲ್ಲಿ ಶೇಕಡ 40 ಉಳಿದಿತ್ತು, ಬರೆದವರಲ್ಲಿ ಶೇಕಡ 61. ಇನ್ನೂ ಗಮನಿಸಬೇಕಾದ ಸಂಗತಿಯೆಂದರೆ, ವಾರದ ನಂತರ ಎಷ್ಟು ನೆನಪಿರಬಹುದು ಎಂದು ಮೊದಲೇ ಕೇಳಿದ್ದಾಗ ಹೆಚ್ಚು ಭರವಸೆ ತೋರಿದ್ದವರು ಓದುತ್ತಲೇ ಇದ್ದ ಗುಂಪಿನವರು. ನಾಲ್ಕನೆಯ ಸಲ ಓದುವಾಗ ಸಾಲುಗಳು ಪರಿಚಿತವಾಗಿ, ತಡೆಯಿಲ್ಲದೆ ಹರಿಯುತ್ತವೆ. ಆ ಪರಿಚಯವನ್ನೇ ಮನಸ್ಸು ತಿಳುವಳಿಕೆ ಎಂದು ತಪ್ಪಾಗಿ ಗ್ರಹಿಸುತ್ತದೆ. ಪರೀಕ್ಷೆಯ ದಿನ 'ಎಲ್ಲ ಓದಿದ್ದೆ, ಆದರೆ ಬರೆಯಲು ಕುಳಿತಾಗ ಏನೂ ಹೊಳೆಯಲಿಲ್ಲ' ಎನ್ನುವ ವಿದ್ಯಾರ್ಥಿ ಸುಳ್ಳು ಹೇಳುತ್ತಿರುವುದಿಲ್ಲ. ಅವನು ಗುರುತಿಸುವುದನ್ನು ಅಭ್ಯಾಸ ಮಾಡಿದ್ದ. ಅವನಿಂದ ಕೇಳಿದ್ದು ನೆನಪಿನಿಂದ ಹೊರತೆಗೆಯುವುದನ್ನು.

ಇದರ ಬೆನ್ನಿಗೇ ಇರುವ ಇನ್ನೊಂದು ಕಲ್ಪನೆ, ಪರೀಕ್ಷೆ ಇರುವುದು ಅಳೆಯುವುದಕ್ಕೆ ಮಾತ್ರ ಎಂಬುದು. ಪರೀಕ್ಷೆಗಳನ್ನು ವಿರೋಧಿಸುವವರೂ ಬೆಂಬಲಿಸುವವರೂ ಈ ಒಂದು ವಿಷಯದಲ್ಲಿ ಒಮ್ಮತದಿಂದ ಇರುತ್ತಾರೆ ಎಂಬುದು ನನಗೆ ತಮಾಷೆಯಾಗಿ ಕಾಣುತ್ತದೆ. ವಾಸ್ತವದಲ್ಲಿ ನೆನಪಿನಿಂದ ಹೊರತೆಗೆಯುವ ಪ್ರಯತ್ನವೇ ಆ ನೆನಪನ್ನು ಬಲಪಡಿಸುತ್ತದೆ. ಹಾಗೆಂದು ಇನ್ನಷ್ಟು ಅಂಕಪರೀಕ್ಷೆಗಳನ್ನು ಹೇರಬೇಕು ಎಂಬ ಅರ್ಥವನ್ನು ಇದರಿಂದ ಯಾರೂ ತೆಗೆಯಬಾರದು. ಪ್ರಯೋಜನವಾಗುವುದು ಅಂಕವಿಲ್ಲದ, ಭಯವಿಲ್ಲದ, ಸರಿಯುತ್ತರ ಬೇಗ ತಿಳಿಯುವಂಥ ಸಣ್ಣ ಪ್ರಶ್ನೆಗಳಿಂದ: ತರಗತಿಯ ಆರಂಭದಲ್ಲಿ ಹಿಂದಿನ ವಾರದ ಪಾಠದಿಂದ ಎರಡು ಪ್ರಶ್ನೆ, ಪಾಠದ ನಡುವೆ ಪುಸ್ತಕ ಮುಚ್ಚಿಸಿ ಈವರೆಗಿನ ಮುಖ್ಯ ವಿಚಾರವನ್ನು ಬರೆಯಲು ಕೊಡುವ ಮೂರು ನಿಮಿಷ, ಇಷ್ಟೇ. ಜರ್ಮನಿಯ ಮನೋವಿಜ್ಞಾನಿ ಹರ್ಮನ್ ಎಬಿಂಗ್‌ಹೌಸ್ ತಮ್ಮನ್ನೇ ಪ್ರಯೋಗಕ್ಕೊಡ್ಡಿಕೊಂಡು ಅರ್ಥವಿಲ್ಲದ ಅಕ್ಷರಪುಂಜಗಳನ್ನು ಕಲಿತು ಮರೆತು 1885ರಲ್ಲಿ ಪ್ರಕಟಿಸಿದ ಫಲಿತಾಂಶಗಳಲ್ಲಿಯೇ ಮರೆವು ಮೊದಲ ಗಂಟೆಗಳಲ್ಲಿ ಅತಿ ವೇಗವಾಗಿ ನಡೆದು ಆಮೇಲೆ ನಿಧಾನವಾಗುತ್ತದೆ ಎಂಬುದೂ, ಒಂದೇ ದಿನ ಮಾಡುವ ಪುನರಾವರ್ತನೆಗಿಂತ ದಿನಗಳ ಮೇಲೆ ಹಂಚಿದ ಪುನರಾವರ್ತನೆ ಹೆಚ್ಚು ಫಲಕಾರಿ ಎಂಬುದೂ ಇದ್ದವು. ಇಷ್ಟು ಹಳೆಯದಾದ ತಿಳುವಳಿಕೆ ಇಂದಿಗೂ ವೇಳಾಪಟ್ಟಿಗಳಲ್ಲಿ ಜಾಗ ಪಡೆದಿಲ್ಲ. ಒಂದು ಅಧ್ಯಾಯ ಮುಗಿದರೆ ಮುಗಿಯಿತು, ಅದರ ಕಡೆ ಮತ್ತೆ ತಿರುಗಿ ನೋಡುವುದು ವರ್ಷದ ಕೊನೆಗೆ.

ಅಧ್ಯಾಯ ಎಂದಾಗ ಪಠ್ಯಪುಸ್ತಕಗಳ ರಚನೆಯೇ ನೆಟ್ಟಿರುವ ಒಂದು ಭ್ರಮೆ ನೆನಪಾಗುತ್ತದೆ. ಗಣಿತದ ಪುಸ್ತಕದಲ್ಲಿ ಒಂದು ಸೂತ್ರ ಕಲಿಸಿದ ಕೂಡಲೇ ಆ ಸೂತ್ರವನ್ನೇ ಬಳಸುವ ಹತ್ತು ಹದಿನೈದು ಲೆಕ್ಕಗಳು ಬರುತ್ತವೆ. ವಿದ್ಯಾರ್ಥಿ ಮೂರನೆಯ ಲೆಕ್ಕದ ಹೊತ್ತಿಗೆ ಕೈ ಕುದುರಿಸಿಕೊಂಡು, ಉಳಿದವನ್ನು ಸರಸರನೆ ಬಿಡಿಸಿ, ತನಗೆ ಎಲ್ಲ ಬಂತು ಎಂದುಕೊಳ್ಳುತ್ತಾನೆ. ಶಿಕ್ಷಕರೂ ಹಾಗೆಯೇ ಅಂದುಕೊಳ್ಳುತ್ತಾರೆ. ಆದರೆ ಅಲ್ಲಿ ಅವನು ಮಾಡದೆ ಬಿಟ್ಟ ಕೆಲಸವೊಂದಿದೆ: ಯಾವ ಲೆಕ್ಕಕ್ಕೆ ಯಾವ ವಿಧಾನ ಎಂದು ಆರಿಸುವುದು. ಅದನ್ನು ಅಧ್ಯಾಯದ ಶೀರ್ಷಿಕೆಯೇ ಅವನಿಗಾಗಿ ಮಾಡಿಕೊಟ್ಟಿರುತ್ತದೆ. ಡೌಗ್ ರೋರರ್ ಮತ್ತು ಕೆಲ್ಲಿ ಟೇಲರ್ 2007ರಲ್ಲಿ ಪ್ರಕಟಿಸಿದ ಪ್ರಯೋಗದಲ್ಲಿ ಕಾಲೇಜು ವಿದ್ಯಾರ್ಥಿಗಳಿಗೆ ನಾಲ್ಕು ಅಪರೂಪದ ಘನಾಕೃತಿಗಳ ಗಾತ್ರ ಕಂಡುಹಿಡಿಯುವುದನ್ನು ಕಲಿಸಲಾಯಿತು. ಒಂದು ಗುಂಪು ಒಂದೊಂದು ಬಗೆಯ ಲೆಕ್ಕಗಳನ್ನು ಒಟ್ಟೊಟ್ಟಿಗೆ ಮಾಡಿತು, ಇನ್ನೊಂದು ಗುಂಪು ಎಲ್ಲವನ್ನೂ ಬೆರೆಸಿ ಮಾಡಿತು. ಅಭ್ಯಾಸದ ಹೊತ್ತಿನಲ್ಲಿ ಮೊದಲ ಗುಂಪು ಶೇಕಡ 89 ಸರಿ ಮಾಡಿದರೆ ಬೆರೆಸಿ ಮಾಡಿದವರು ಶೇಕಡ 60 ಮಾತ್ರ. ವಾರದ ನಂತರದ ಪರೀಕ್ಷೆಯಲ್ಲಿ ಮೊದಲ ಗುಂಪಿನ ಫಲಿತಾಂಶ ಶೇಕಡ 20ಕ್ಕೆ ಕುಸಿಯಿತು, ಬೆರೆಸಿ ಮಾಡಿದವರದು ಶೇಕಡ 63 ಇತ್ತು. ಅಭ್ಯಾಸದ ದಿನ ಆ ಎರಡು ತರಗತಿಗಳ ಬಾಗಿಲಲ್ಲಿ ನಿಂತು ನೋಡಿದ ಯಾವ ಪರಿವೀಕ್ಷಕನಾದರೂ ಯಾವುದನ್ನು ಒಳ್ಳೆಯ ಪಾಠ ಎಂದು ಬರೆದುಕೊಳ್ಳುತ್ತಿದ್ದ ಎಂಬುದನ್ನು ಊಹಿಸುವುದು ಕಷ್ಟವಲ್ಲ.

ವಿದ್ಯಾರ್ಥಿಗಳ ಮೆಚ್ಚುಗೆಯೂ ನಂಬತಕ್ಕ ಅಳತೆಗೋಲಲ್ಲ. 2019ರಲ್ಲಿ ಲೂಯಿ ಡೆಲೊರಿಯೆ ಮತ್ತು ಸಂಗಡಿಗರು ಹಾರ್ವರ್ಡ್ ವಿಶ್ವವಿದ್ಯಾಲಯದ ಆರಂಭಿಕ ಭೌತವಿಜ್ಞಾನದ ತರಗತಿಗಳಲ್ಲಿ ಒಂದೇ ವಿಷಯವನ್ನು ಎರಡು ಬಗೆಯಲ್ಲಿ ಕಲಿಸಿ ನೋಡಿದರು. ಒಂದರಲ್ಲಿ ಅನುಭವಿ ಅಧ್ಯಾಪಕರ ಸೊಗಸಾದ ಉಪನ್ಯಾಸ. ಇನ್ನೊಂದರಲ್ಲಿ ವಿದ್ಯಾರ್ಥಿಗಳು ಸಣ್ಣ ಗುಂಪುಗಳಲ್ಲಿ ಮೊದಲು ತಾವೇ ಸಮಸ್ಯೆಗಳ ಜೊತೆ ಗುದ್ದಾಡಿ, ಆಮೇಲೆ ಅಧ್ಯಾಪಕರ ವಿವರಣೆ ಕೇಳುವ ಕ್ರಮ. ಎರಡನೆಯ ಕ್ರಮದಲ್ಲಿ ಕಲಿತವರು ಪರೀಕ್ಷೆಯಲ್ಲಿ ಹೆಚ್ಚು ಅಂಕ ಪಡೆದರು, ಆದರೆ ತಾವು ಕಡಿಮೆ ಕಲಿತೆವು ಎಂದು ಹೇಳಿದರು. ಉಪನ್ಯಾಸ ಕೇಳಿದವರ ಅನಿಸಿಕೆ ಇದಕ್ಕೆ ತದ್ವಿರುದ್ಧ. ಚೆನ್ನಾಗಿ ಮಾತನಾಡುವವರ ಎದುರು ಕುಳಿತಾಗ ವಿಷಯದ ಗಂಟುಗಳೆಲ್ಲ ಅವರ ಮಾತಿನಲ್ಲಿಯೇ ಬಿಚ್ಚಿಕೊಳ್ಳುತ್ತವೆ. ಅವು ನಮ್ಮ ತಲೆಯಲ್ಲಿಯೂ ಬಿಚ್ಚಿಕೊಂಡವು ಎಂದು ನಾವು ಭಾವಿಸುತ್ತೇವೆ. ವರ್ಷದ ಕೊನೆಗೆ ವಿದ್ಯಾರ್ಥಿಗಳಿಂದ ಅಭಿಪ್ರಾಯ ಸಂಗ್ರಹಿಸಿ ಅಧ್ಯಾಪಕರಿಗೆ ಶ್ರೇಣಿ ಕೊಡುವ ಪದ್ಧತಿಯ ಮೇಲೆ ಈ ಫಲಿತಾಂಶ ಬೀರುವ ನೆರಳು ಸಣ್ಣದೇನಲ್ಲ.

ಈಗ ಎಲ್ಲಕ್ಕಿಂತ ಜನಪ್ರಿಯವಾದ ಕಲ್ಪನೆಗೆ ಬರುತ್ತೇನೆ. ಕೆಲವು ಮಕ್ಕಳು ನೋಡಿ ಕಲಿಯುವವರು, ಕೆಲವರು ಕೇಳಿ ಕಲಿಯುವವರು, ಇನ್ನು ಕೆಲವರು ಕೈಯಿಂದ ಮಾಡಿ ಕಲಿಯುವವರು. ಆದ್ದರಿಂದ ಪ್ರತಿ ಮಗುವಿನ ಕಲಿಕಾ ಶೈಲಿಯನ್ನು ಗುರುತಿಸಿ ಅದಕ್ಕೆ ತಕ್ಕಂತೆ ಕಲಿಸಬೇಕು ಎಂಬುದು ಆ ಕಲ್ಪನೆ. 2012ರಲ್ಲಿ ಬ್ರಿಟನ್ ಮತ್ತು ನೆದರ್‌ಲ್ಯಾಂಡ್ಸ್‌ನ 242 ಶಿಕ್ಷಕರ ನಡುವೆ ನಡೆದ ಸಮೀಕ್ಷೆಯೊಂದರಲ್ಲಿ ಹತ್ತರಲ್ಲಿ ಒಂಬತ್ತಕ್ಕಿಂತ ಹೆಚ್ಚು ಮಂದಿ ಇದನ್ನು ನಂಬಿದ್ದರು. ಆದರೆ ಎಷ್ಟು ಶೈಲಿಗಳಿವೆ ಎಂಬುದರ ಬಗ್ಗೆಯೇ ಒಮ್ಮತವಿಲ್ಲ. ಫ್ರಾಂಕ್ ಕಾಫೀಲ್ಡ್ ಮತ್ತು ಸಂಗಡಿಗರು 2004ರಲ್ಲಿ ಹುಡುಕಿದಾಗ ಇಂಥ 71 ಬೇರೆ ಬೇರೆ ಮಾದರಿಗಳು ಸಿಕ್ಕಿದ್ದವು. ಈ ಕಲ್ಪನೆ ನಿಜವಾಗಬೇಕಾದರೆ ಯಾವ ಸಾಕ್ಷ್ಯ ಬೇಕು ಎಂಬುದನ್ನು ಹೆರಾಲ್ಡ್ ಪ್ಯಾಶ್ಲರ್ ಮತ್ತು ಇತರ ಮೂವರು 2008ರಲ್ಲಿ ಸ್ಪಷ್ಟಪಡಿಸಿದರು. ನೋಡಿ ಕಲಿಯುವವರು ಎಂದು ಗುರುತಿಸಿದವರನ್ನೂ ಕೇಳಿ ಕಲಿಯುವವರು ಎಂದು ಗುರುತಿಸಿದವರನ್ನೂ ಚೀಟಿ ಎತ್ತಿದಂತೆ ಎರಡೂ ಬಗೆಯ ಬೋಧನೆಗೆ ಹಂಚಿ, ಕೊನೆಗೆ ಎಲ್ಲರಿಗೂ ಒಂದೇ ಪರೀಕ್ಷೆ ಕೊಡಬೇಕು. ಆಗ ಮೊದಲನೆಯವರಿಗೆ ಚಿತ್ರದ ಬೋಧನೆಯಿಂದ, ಎರಡನೆಯವರಿಗೆ ಮಾತಿನ ಬೋಧನೆಯಿಂದ ಹೆಚ್ಚು ಲಾಭವಾಗಿರಬೇಕು. ಒಂದೇ ಬೋಧನೆ ಎರಡೂ ಗುಂಪಿಗೆ ಮೇಲಾಗಿದ್ದರೆ ಶೈಲಿಯ ಮಾತಿಗೆ ಅರ್ಥವಿಲ್ಲ. ಇಂಥ ಕಟ್ಟುನಿಟ್ಟಿನ ಪ್ರಯೋಗಗಳು ನಡೆದಿರುವುದೇ ಕಡಿಮೆ, ನಡೆದವುಗಳಲ್ಲಿ ಹೆಚ್ಚಿನವು ಈ ಕಲ್ಪನೆಯನ್ನು ಬೆಂಬಲಿಸಲಿಲ್ಲ ಎಂಬುದು ಅವರ ತೀರ್ಮಾನ.

ಇದನ್ನು ತರಬೇತಿಗಳಲ್ಲಿ ಹೇಳಿದಾಗ ಕೆಲವರು ನೊಂದುಕೊಳ್ಳುವುದನ್ನು ಕಂಡಿದ್ದೇನೆ. ಪ್ರತಿ ಮಗುವೂ ಭಿನ್ನ ಎಂಬ ಅವರ ಒಳ್ಳೆಯ ಕಾಳಜಿಯನ್ನೇ ಅಲ್ಲಗಳೆದಂತೆ ಅವರಿಗೆ ಕೇಳಿಸುತ್ತದೆ. ಮಕ್ಕಳಲ್ಲಿ ಭಿನ್ನತೆ ಇದೆ. ಅವರ ಆಸಕ್ತಿ, ಸಾಮರ್ಥ್ಯ, ಎಲ್ಲಕ್ಕಿಂತ ಮುಖ್ಯವಾಗಿ ಅವರಿಗೆ ಈಗಾಗಲೇ ಏನು ಗೊತ್ತಿದೆ ಎಂಬುದು ಒಬ್ಬರಿಂದ ಒಬ್ಬರಿಗೆ ಬಹಳ ಬೇರೆಯಾಗಿರುತ್ತದೆ. ಚಿತ್ರ ನೋಡುವುದು ಇಷ್ಟ ಎನ್ನುವ ಮಗುವೂ ಇದೆ. ಆದರೆ ಇಷ್ಟವಾದ ದಾರಿಯಲ್ಲಿಯೇ ಹೆಚ್ಚು ಕಲಿಯುತ್ತದೆ ಎಂಬುದಕ್ಕೆ ಆಧಾರವಿಲ್ಲ. ಮಾಧ್ಯಮವನ್ನು ನಿರ್ಧರಿಸಬೇಕಾದದ್ದು ಮಗುವಿನ ಮೇಲೆ ಅಂಟಿಸಿದ ಹಣೆಪಟ್ಟಿಯಲ್ಲ, ಕಲಿಯಬೇಕಾದ ವಿಷಯ. ಖಂಡಗಳ ಆಕಾರವನ್ನು ಯಾರಿಗಾದರೂ ನಕ್ಷೆಯಲ್ಲೇ ತೋರಿಸಬೇಕು, ಉಚ್ಚಾರಣೆಯನ್ನು ಯಾರಿಗಾದರೂ ಕೇಳಿಸಲೇಬೇಕು. ಹಣೆಪಟ್ಟಿಯಿಂದ ಹಾನಿಯೂ ಇದೆ: ತಾನು ನೋಡಿ ಕಲಿಯುವವನು ಎಂದು ನಂಬಿಬಿಟ್ಟ ಹುಡುಗನಿಗೆ ದೀರ್ಘ ಗದ್ಯವನ್ನು ಓದುವ ಕಷ್ಟ ಎದುರಾದಾಗ ಅದು ತನ್ನಂಥವರಿಗೆ ಅಲ್ಲ ಎಂದು ಪುಸ್ತಕ ಮುಚ್ಚಲು ಒಂದು ನೆಪ ಸಿಗುತ್ತದೆ.

'ಓದಿದ್ದರಲ್ಲಿ ಶೇಕಡ 10, ಕೇಳಿದ್ದರಲ್ಲಿ ಶೇಕಡ 20, ಮಾಡಿದ್ದರಲ್ಲಿ ಶೇಕಡ 90 ನೆನಪಿರುತ್ತದೆ' ಎಂಬ ತ್ರಿಕೋನಾಕೃತಿಯ ಚಿತ್ರವನ್ನು ನೀವು ನೋಡಿಯೇ ಇರುತ್ತೀರಿ. ಅದರ ಮೂಲವೆಂದು ಹೇಳಲಾಗುವ, ಅಮೆರಿಕದ ಶಿಕ್ಷಣತಜ್ಞ ಎಡ್ಗರ್ ಡೇಲ್ 1946ರಲ್ಲಿ ಬರೆದ ಶಂಕುವಿನ ಚಿತ್ರದಲ್ಲಿ ಯಾವ ಅಂಕಿಗಳೂ ಇರಲಿಲ್ಲ. ಮುಂದೆ ಯಾರೋ ಸೇರಿಸಿದ ಶೇಕಡಾವಾರುಗಳು ಅವರ ಹೆಸರಿನಲ್ಲಿ ಓಡಾಡುತ್ತಿವೆ. ಎಲ್ಲವೂ ಹತ್ತರ ಗುಣಕಗಳಾಗಿ ನೀಟಾಗಿ ಕುಳಿತಿರುವುದನ್ನು ಕಂಡಾಗಲೇ ಅನುಮಾನ ಬರಬೇಕಿತ್ತು. ಮಿದುಳಿನ ಶೇಕಡ 10 ಮಾತ್ರ ಬಳಸುತ್ತೇವೆ, ಎಡ ಮಿದುಳಿನವರು ತಾರ್ಕಿಕರು ಬಲ ಮಿದುಳಿನವರು ಕಲಾವಿದರು ಎಂಬ ಮಾತುಗಳಿಗೂ ಬುಡವಿಲ್ಲ. ಮೊಜಾರ್ಟ್ ಸಂಗೀತ ಕೇಳಿದರೆ ಮಕ್ಕಳು ಜಾಣರಾಗುತ್ತಾರೆ ಎಂಬ ಸುದ್ದಿಯ ಮೂಲ 1993ರಲ್ಲಿ 36 ಕಾಲೇಜು ವಿದ್ಯಾರ್ಥಿಗಳ ಮೇಲೆ ನಡೆದ ಒಂದು ಪ್ರಯೋಗ. ಅದರಲ್ಲಿ ಕಂಡ ಲಾಭ ಒಂದು ಬಗೆಯ ಆಕೃತಿ ಸಮಸ್ಯೆಗಳಿಗೆ ಸೀಮಿತವಾಗಿತ್ತು ಮತ್ತು ಹದಿನೈದು ನಿಮಿಷದೊಳಗೆ ಕರಗಿತ್ತು. ಶಿಶುಗಳು ಆ ಪ್ರಯೋಗದಲ್ಲಿ ಇರಲೇ ಇಲ್ಲ. ಇಷ್ಟಾಗಿಯೂ ಐದೇ ವರ್ಷಗಳಲ್ಲಿ ಅಮೆರಿಕದ ಜಾರ್ಜಿಯಾ ರಾಜ್ಯದ ಗವರ್ನರ್ ಪ್ರತಿ ನವಜಾತ ಶಿಶುವಿಗೂ ಶಾಸ್ತ್ರೀಯ ಸಂಗೀತದ ಧ್ವನಿಮುದ್ರಿಕೆ ಹಂಚುವ ಯೋಜನೆ ಮುಂದಿಟ್ಟರು.

ಇವೆಲ್ಲಕ್ಕಿಂತ ಆಳವಾದ, ಹೆಸರಿಲ್ಲದ್ದರಿಂದಲೇ ಗಮನಕ್ಕೆ ಬಾರದ ಕಲ್ಪನೆ ಒಂದಿದೆ: ವಿದ್ಯಾರ್ಥಿ ಖಾಲಿ ಕೊಡ, ಪಾಠ ಎಂದರೆ ಅದಕ್ಕೆ ನೀರು ತುಂಬುವುದು. ಹೀಗೆ ಬಾಯಿಬಿಟ್ಟು ಹೇಳುವವರು ಇಂದು ಯಾರೂ ಇಲ್ಲ. ಆದರೆ 'ಪಾಠ ಮಾಡಿಯಾಗಿದೆ' ಎಂಬುದನ್ನು 'ಮಕ್ಕಳು ಕಲಿತಾಗಿದೆ' ಎಂಬ ಅರ್ಥದಲ್ಲಿ ಬಳಸುವಾಗಲೆಲ್ಲ ನಾವು ಅದನ್ನೇ ನಂಬಿರುತ್ತೇವೆ. ಸ್ಟೆಲ್ಲಾ ವೊಸ್ನಿಯಾಡು ಮತ್ತು ವಿಲಿಯಂ ಬ್ರೂವರ್ 1992ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ 60 ಪ್ರಾಥಮಿಕ ಶಾಲಾ ಮಕ್ಕಳನ್ನು ಭೂಮಿಯ ಆಕಾರದ ಬಗ್ಗೆ ಕೇಳಿದ್ದರು. ಭೂಮಿ ಗುಂಡಗಿದೆ ಎಂದು ಬಹುಪಾಲು ಮಕ್ಕಳು ಹೇಳಿದರು. ಅಲ್ಲಿಗೇ ನಿಲ್ಲಿಸಿದ್ದರೆ ಎಲ್ಲರಿಗೂ ಪೂರ್ಣಾಂಕ. ಆದರೆ ಜನ ಎಲ್ಲಿ ವಾಸಿಸುತ್ತಾರೆ, ನಡೆಯುತ್ತ ನಡೆಯುತ್ತ ಹೋದರೆ ಎಲ್ಲಿಗೆ ತಲುಪುತ್ತೇವೆ, ಅಂಚಿನಿಂದ ಬೀಳುತ್ತೇವೆಯೇ ಎಂದು ಮುಂದುವರಿಸಿ ಕೇಳಿದಾಗ ವಿಚಿತ್ರ ಚಿತ್ರಗಳು ಹೊರಬಂದವು. ಕೆಲವರಿಗೆ ಭೂಮಿ ತಟ್ಟೆಯಂತೆ ಗುಂಡಗಿತ್ತು. ಕೆಲವರ ಪ್ರಕಾರ ಅದು ಟೊಳ್ಳು ಗೋಳ, ನಾವು ಅದರೊಳಗಿನ ಸಮತಟ್ಟಾದ ನೆಲದ ಮೇಲೆ ಇದ್ದೇವೆ. ಇನ್ನು ಕೆಲವರಿಗೆ ಎರಡು ಭೂಮಿಗಳಿದ್ದವು, ನಾವು ನಿಂತಿರುವ ಚಪ್ಪಟೆ ನೆಲ ಒಂದು, ಆಕಾಶದಲ್ಲಿರುವ ಗುಂಡು ಭೂಮಿ ಮತ್ತೊಂದು. ಆ ಪ್ರಶ್ನೆಗಳೇ ಮಕ್ಕಳನ್ನು ಗೊಂದಲಕ್ಕೆ ತಳ್ಳಿರಬಹುದು ಎಂಬ ಆಕ್ಷೇಪಗಳು ಮುಂದೆ ಬಂದವು, ಅವನ್ನು ಕಡೆಗಣಿಸುವಂತಿಲ್ಲ. ಆದರೂ ಶಿಕ್ಷಕರ ಮಟ್ಟಿಗೆ ಇಲ್ಲಿ ಕಾಣುವ ವಿದ್ಯಮಾನ ಹೊಸದೇನಲ್ಲ. ನಾವು ಹೇಳಿದ್ದನ್ನು ಮಗು ಹಾಗೆಯೇ ತುಂಬಿಕೊಳ್ಳುವುದಿಲ್ಲ. ತನ್ನ ಕಣ್ಣು ಕಂಡ ಚಪ್ಪಟೆ ನೆಲವನ್ನೂ ದೊಡ್ಡವರು ಹೇಳಿದ ಗುಂಡು ಭೂಮಿಯನ್ನೂ ಹೇಗೋ ಜೋಡಿಸಿ ತನ್ನದೇ ಒಂದು ವಿವರಣೆಯನ್ನು ಕಟ್ಟಿಕೊಳ್ಳುತ್ತದೆ.

ಇದು ಚಿಕ್ಕಮಕ್ಕಳಿಗೆ ಮಾತ್ರ ಸೀಮಿತವಲ್ಲ. ಹಾರ್ವರ್ಡ್‌ನ ಭೌತವಿಜ್ಞಾನಿ ಎರಿಕ್ ಮಜೂರ್ ವರ್ಷಗಳ ಕಾಲ ಜನಪ್ರಿಯ ಉಪನ್ಯಾಸಕರಾಗಿದ್ದರು. ಅವರ ವಿದ್ಯಾರ್ಥಿಗಳು ಕಠಿಣವಾದ ಲೆಕ್ಕಗಳನ್ನು ಬಿಡಿಸುತ್ತಿದ್ದರು, ಅವರ ಬಗ್ಗೆ ಒಳ್ಳೆಯ ಅಭಿಪ್ರಾಯ ಬರೆಯುತ್ತಿದ್ದರು. 1990ರ ಸುಮಾರಿಗೆ ಅವರು ಸೂತ್ರಗಳೇ ಬೇಡದ, ದಿನಬಳಕೆಯ ಮಾತಿನಲ್ಲಿರುವ ಪ್ರಶ್ನೆಗಳ ಒಂದು ಪರೀಕ್ಷೆಯನ್ನು ಕೊಟ್ಟು ನೋಡಿದರು. ಭಾರವಾದ ಲಾರಿ ಹಗುರವಾದ ಕಾರಿಗೆ ಡಿಕ್ಕಿ ಹೊಡೆದಾಗ ಯಾವುದು ಯಾವುದರ ಮೇಲೆ ಹೆಚ್ಚು ಬಲ ಪ್ರಯೋಗಿಸುತ್ತದೆ ಎಂಬ ಧಾಟಿಯ ಪ್ರಶ್ನೆಗಳವು. ಪ್ರತಿ ಬಲಕ್ಕೂ ಅಷ್ಟೇ ಪ್ರಮಾಣದ ವಿರುದ್ಧ ಬಲ ಇರುತ್ತದೆ ಎಂಬ ನ್ಯೂಟನ್ನನ ಮೂರನೆಯ ನಿಯಮವನ್ನು ತಡವರಿಸದೆ ಹೇಳಬಲ್ಲವರಲ್ಲಿ ಹಲವರು ಲಾರಿಯ ಬಲವೇ ಹೆಚ್ಚು ಎಂದು ಉತ್ತರಿಸಿದರು. ಆ ಪರೀಕ್ಷೆಯ ವೇಳೆ ಒಬ್ಬ ವಿದ್ಯಾರ್ಥಿನಿ, ಇವಕ್ಕೆ ತಾವು ಕಲಿಸಿದಂತೆ ಉತ್ತರಿಸಬೇಕೋ ಅಥವಾ ನಾನು ನಿಜವಾಗಿ ಯೋಚಿಸುವಂತೆ ಉತ್ತರಿಸಬೇಕೋ ಎಂದು ಕೇಳಿದ್ದನ್ನು ಮಜೂರ್ ಹಲವು ಕಡೆ ನೆನೆದಿದ್ದಾರೆ. ಬೋಧನೆಯ ಬಗ್ಗೆ ನಾನು ಕೇಳಿದ ಪ್ರಶ್ನೆಗಳಲ್ಲಿ ಇದಕ್ಕಿಂತ ಪ್ರಾಮಾಣಿಕವಾದದ್ದು ಇನ್ನೊಂದಿಲ್ಲ. ಎರಡು ತಿಳುವಳಿಕೆಗಳು ಒಂದೇ ತಲೆಯಲ್ಲಿ ಅಕ್ಕಪಕ್ಕದಲ್ಲಿ, ಒಂದನ್ನೊಂದು ಮುಟ್ಟದೆ ಬದುಕಬಲ್ಲವು. ಸರಿಯಾದ ವಿವರಣೆ ಕೊಟ್ಟ ಮಾತ್ರಕ್ಕೆ ಹಳೆಯದು ಜಾಗ ಖಾಲಿ ಮಾಡುವುದಿಲ್ಲ. ಮಜೂರ್ ಅಲ್ಲಿಂದ ಮುಂದೆ ಪಾಠದ ನಡುವೆ ಇಂಥ ಪ್ರಶ್ನೆಗಳನ್ನಿಟ್ಟು, ಪ್ರತಿಯೊಬ್ಬರೂ ಮೊದಲು ತಮ್ಮ ಉತ್ತರಕ್ಕೆ ಬದ್ಧರಾಗಿ, ಆಮೇಲೆ ಪಕ್ಕದವರ ಜೊತೆ ವಾದಿಸುವ ಕ್ರಮವನ್ನು ರೂಪಿಸಿದರು. ತಪ್ಪನ್ನು ಬಾಯಿಬಿಟ್ಟು ಹೇಳಿಸಿದರೆ ಅದೇ ಬೇರೂರುತ್ತದೆ ಎಂಬ ಭಯ ಹಲವು ಶಿಕ್ಷಕರಲ್ಲಿದೆ. ತಕ್ಷಣ ತಿದ್ದುವುದಾದರೆ ಆ ಭಯ ಅನಗತ್ಯ: ಪೂರ್ಣ ಭರವಸೆಯಿಂದ ಹೇಳಿದ ತಪ್ಪುತ್ತರಗಳು, ಅಳುಕುತ್ತ ಹೇಳಿದವುಗಳಿಗಿಂತ ಚೆನ್ನಾಗಿ ತಿದ್ದಿಕೊಳ್ಳುತ್ತವೆ ಎಂಬುದು 2001ರಿಂದೀಚೆಗೆ ಹಲವು ಪ್ರಯೋಗಗಳಲ್ಲಿ ಕಂಡುಬಂದಿದೆ.

ಉರು ಹೊಡೆಯುವುದನ್ನು ಹಳಿಯುವ ಭರದಲ್ಲಿ ನೆನಪನ್ನೇ ಹಳಿಯುವ ಪರಿಪಾಠ ಬೆಳೆದಿದೆ. ಮಾಹಿತಿ ಹೇಗೂ ಫೋನಿನಲ್ಲಿ ಸಿಗುತ್ತದೆ, ಮಕ್ಕಳಿಗೆ ಯೋಚಿಸುವುದನ್ನು ಕಲಿಸಿದರೆ ಸಾಕು ಎಂಬ ಮಾತು ಎಲ್ಲ ವೇದಿಕೆಗಳಲ್ಲಿಯೂ ಚಪ್ಪಾಳೆ ಗಿಟ್ಟಿಸುತ್ತದೆ. ಅರ್ಥವಿಲ್ಲದ ಬಾಯಿಪಾಠದಿಂದ ಪ್ರಯೋಜನವಿಲ್ಲ ಎಂಬುದು ಸರಿ. ಆದರೆ ಯೋಚನೆ ಎನ್ನುವುದು ಜ್ಞಾನದಿಂದ ಬಿಡಿಸಿ ತೆಗೆದು ಬೇರೆಯಾಗಿ ಕಲಿಸಬಹುದಾದ ಸಾಮರ್ಥ್ಯವಲ್ಲ. 1973ರಲ್ಲಿ ವಿಲಿಯಂ ಚೇಸ್ ಮತ್ತು ಹರ್ಬರ್ಟ್ ಸೈಮನ್ ಚದುರಂಗದ ಮಣೆಯನ್ನು ಐದು ಸೆಕೆಂಡು ತೋರಿಸಿ ಕಾಯಿಗಳ ಸ್ಥಾನವನ್ನು ನೆನಪಿನಿಂದ ಜೋಡಿಸಲು ಹೇಳಿದರು. ನಿಜವಾದ ಆಟದ ನಡುವಿನ ಸ್ಥಿತಿಯಾಗಿದ್ದಾಗ ಪಳಗಿದ ಆಟಗಾರ ಹೊಸಬರನ್ನು ಬಹುದೂರ ಹಿಂದೆ ಹಾಕಿದ. ಕಾಯಿಗಳನ್ನು ಮನಬಂದಂತೆ ಹರಡಿದಾಗ ಅವನೂ ಹೊಸಬನೂ ಹೆಚ್ಚುಕಡಿಮೆ ಸಮನಾದರು. ಅವನಲ್ಲಿದ್ದದ್ದು ಅಸಾಧಾರಣ ನೆನಪಿನ ಶಕ್ತಿಯಲ್ಲ, ಸಾವಿರಾರು ಆಟಗಳಿಂದ ಮನಸ್ಸಿನಲ್ಲಿ ನೆಲೆನಿಂತ ವಿನ್ಯಾಸಗಳು. ಓದಿನ ವಿಷಯದಲ್ಲಿಯೂ ಹೀಗೆಯೇ. ಡೊನಾ ರೆಕ್ಟ್ ಮತ್ತು ಲಾರೆನ್ ಲೆಸ್ಲಿ 1988ರಲ್ಲಿ 64 ವಿದ್ಯಾರ್ಥಿಗಳಿಗೆ ಬೇಸ್‌ಬಾಲ್ ಆಟದ ವರ್ಣನೆಯೊಂದನ್ನು ಓದಲು ಕೊಟ್ಟಾಗ, ಓದುವುದರಲ್ಲಿ ದುರ್ಬಲರೆನಿಸಿಕೊಂಡಿದ್ದರೂ ಆ ಆಟ ಚೆನ್ನಾಗಿ ಗೊತ್ತಿದ್ದವರು, ಆಟ ಗೊತ್ತಿಲ್ಲದ ಉತ್ತಮ ಓದುಗರಿಗಿಂತ ಹೆಚ್ಚು ನೆನಪಿಟ್ಟುಕೊಂಡಿದ್ದರು. ಒಮ್ಮೆಗೆ ಮನಸ್ಸಿನಲ್ಲಿ ಹಿಡಿದಿಡಬಹುದಾದ ಅಂಶಗಳು ಬೆರಳೆಣಿಕೆಯಷ್ಟು. ದೀರ್ಘಕಾಲದ ನೆನಪಿನಲ್ಲಿ ಈಗಾಗಲೇ ಇರುವುದು ಆ ಇಕ್ಕಟ್ಟಿನ ಜಾಗವನ್ನು ತಿನ್ನುವುದಿಲ್ಲ. ಮಗ್ಗಿ ಬಾಯಿಗೆ ಬರುವ ಹುಡುಗಿ ಭಿನ್ನರಾಶಿಯ ಬಗ್ಗೆ ಯೋಚಿಸಬಲ್ಲಳು. ಆರೇಳಲಿ ಎಷ್ಟು ಎಂದು ಪ್ರತಿ ಹೆಜ್ಜೆಗೂ ಫೋನಿನಲ್ಲಿ ಹುಡುಕುವವಳ ಗಮನವೆಲ್ಲ ಅಲ್ಲೇ ಖರ್ಚಾಗುತ್ತದೆ. ಲ್ಯಾಟಿನ್ ಕಲಿತರೆ ಬುದ್ಧಿ ಚುರುಕಾಗಿ ಎಲ್ಲ ವಿಷಯಗಳಿಗೂ ನೆರವಾಗುತ್ತದೆ ಎಂಬಂಥ ನಂಬಿಕೆಯನ್ನು ಅಮೆರಿಕದ ಮನೋವಿಜ್ಞಾನಿ ಎಡ್ವರ್ಡ್ ಥಾರ್ನ್‌ಡೈಕ್ 1901ರಿಂದಲೇ ಪ್ರಯೋಗಗಳಿಂದ ಪ್ರಶ್ನಿಸಿದ್ದರು. ಇಂದು ಲ್ಯಾಟಿನ್ನಿನ ಜಾಗದಲ್ಲಿ ಕೋಡಿಂಗ್ ಬಂದು ಕುಳಿತಿದೆ, ನಂಬಿಕೆ ಹಾಗೆಯೇ ಇದೆ.

ಹಾಗಾದರೆ ಉಪನ್ಯಾಸವೋ, ಮಕ್ಕಳೇ ಕಂಡುಕೊಳ್ಳುವ ವಿಧಾನವೋ? ಈ ಜಗಳದಲ್ಲಿ ಎರಡೂ ಪಕ್ಷಗಳ ಕೈಯಲ್ಲಿ ಸಾಕ್ಷ್ಯಗಳಿವೆ, ಅದಕ್ಕೇ ಅದು ಮುಗಿಯುವುದಿಲ್ಲ. 2014ರಲ್ಲಿ ಸ್ಕಾಟ್ ಫ್ರೀಮನ್ ಮತ್ತು ಸಂಗಡಿಗರು ಪದವಿ ಮಟ್ಟದ ವಿಜ್ಞಾನ, ಗಣಿತ, ಎಂಜಿನಿಯರಿಂಗ್ ತರಗತಿಗಳ 225 ಅಧ್ಯಯನಗಳನ್ನು ಒಟ್ಟುಗೂಡಿಸಿ ನೋಡಿದಾಗ, ಕೇವಲ ಉಪನ್ಯಾಸ ನಡೆದ ಕಡೆ ಸರಾಸರಿ ಶೇಕಡ 33.8 ಮಂದಿ ಅನುತ್ತೀರ್ಣರಾಗಿದ್ದರೆ, ವಿದ್ಯಾರ್ಥಿಗಳನ್ನು ಕೆಲಸಕ್ಕೆ ಹಚ್ಚಿದ ತರಗತಿಗಳಲ್ಲಿ ಅದು ಶೇಕಡ 21.8 ಇತ್ತು. ಇನ್ನೊಂದು ಕಡೆ ಪಾಲ್ ಕಿರ್ಶ್‌ನರ್, ಜಾನ್ ಸ್ವೆಲರ್ ಮತ್ತು ರಿಚರ್ಡ್ ಕ್ಲಾರ್ಕ್ 2006ರಲ್ಲಿ, ಮಾರ್ಗದರ್ಶನವಿಲ್ಲದೆ ಹೊಸಬರನ್ನು ಸಮಸ್ಯೆಯೊಳಗೆ ಬಿಟ್ಟರೆ ಅವರ ಗಮನವೆಲ್ಲ ತಡಕಾಟದಲ್ಲೇ ಸವೆದುಹೋಗುತ್ತದೆ ಎಂದು ವಾದಿಸಿದರು. ಈ ಎರಡರ ನಡುವೆ ನನಗೆ ವಿರೋಧ ಕಾಣುವುದಿಲ್ಲ. ಚಟುವಟಿಕೆ ಎಂದರೆ ಕೈಕಾಲು ಆಡುವುದು, ಗದ್ದಲವಾಗುವುದು ಎಂದುಕೊಂಡಾಗಲಷ್ಟೇ ವಿರೋಧ. ಮಾದರಿ ತಯಾರಿಸುವ ಸಡಗರದಲ್ಲಿ ಇಡೀ ಅವಧಿ ಬಣ್ಣ ಬಳಿಯುತ್ತ ಕಳೆದ ಮಗು ನೆನಪಿಟ್ಟುಕೊಳ್ಳುವುದು ಬಣ್ಣ ಬಳಿದದ್ದನ್ನು. ಸುಮ್ಮನೆ ಕುಳಿತು ಬಿಡಿಸಿಟ್ಟ ಲೆಕ್ಕವೊಂದನ್ನು ನೋಡುತ್ತ ಈ ಹೆಜ್ಜೆ ಏಕೆ ಬಂತು ಎಂದು ತಲೆ ಕೆರೆದುಕೊಳ್ಳುವ ಮಗು ಅದಕ್ಕಿಂತ ಹೆಚ್ಚು ಕ್ರಿಯಾಶೀಲ. ಜೊತೆಗೆ ಹೊಸಬರಿಗೆ ನೆರವಾಗುವ ವಿವರವಾದ ಮಾರ್ಗದರ್ಶನವೇ ವಿಷಯದಲ್ಲಿ ಪಳಗಿದವರಿಗೆ ತೊಡಕಾಗುತ್ತದೆ ಎಂಬುದೂ ದೃಢಪಟ್ಟಿದೆ. ಆದ್ದರಿಂದ ಯಾವ ವಿಧಾನ ಒಳ್ಳೆಯದು ಎಂಬ ಪ್ರಶ್ನೆಗಿಂತ, ಈ ವಿದ್ಯಾರ್ಥಿಗಳು ಈ ವಿಷಯದಲ್ಲಿ ಈಗ ಎಲ್ಲಿದ್ದಾರೆ ಎಂಬ ಪ್ರಶ್ನೆ ಹೆಚ್ಚು ಉಪಯುಕ್ತ.

ಕೊನೆಯದಾಗಿ ಅಂಕಗಳ ಮಾತು. ಉತ್ತರಪತ್ರಿಕೆಯ ಮೇಲೆ ಅಂಕವನ್ನೂ ಪಕ್ಕದಲ್ಲಿ ನಾಲ್ಕು ಸಾಲು ಸಲಹೆಯನ್ನೂ ಬರೆದರೆ ಎರಡರ ಲಾಭವೂ ಸಿಗುತ್ತದೆ ಎಂದು ಬಹಳಷ್ಟು ಶಿಕ್ಷಕರು ನಂಬುತ್ತಾರೆ. ಇಸ್ರೇಲಿನ ಸಂಶೋಧಕಿ ರೂತ್ ಬಟ್ಲರ್ 1988ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ ಕೆಲವು ಮಕ್ಕಳಿಗೆ ಸಲಹೆ ಮಾತ್ರ, ಕೆಲವರಿಗೆ ಅಂಕ ಮಾತ್ರ, ಕೆಲವರಿಗೆ ಎರಡೂ ಸಿಕ್ಕಿದ್ದವು. ಮುಂದಿನ ಕೆಲಸದಲ್ಲಿ ಆಸಕ್ತಿಯೂ ಸಾಧನೆಯೂ ಚೆನ್ನಾಗಿದ್ದದ್ದು ಸಲಹೆ ಮಾತ್ರ ಪಡೆದವರಲ್ಲಿ. ಎರಡನ್ನೂ ಪಡೆದವರ ಪಾಡು ಅಂಕ ಮಾತ್ರ ಪಡೆದವರ ಹಾಗೆಯೇ ಇತ್ತು. ಅಂಕ ಕಂಡ ಕೂಡಲೇ ಮಗು ತನ್ನ ಸ್ಥಾನವೇನು ಎಂದು ಅಕ್ಕಪಕ್ಕ ನೋಡುತ್ತದೆ, ಸಲಹೆ ಓದದೆ ಉಳಿಯುತ್ತದೆ. ಅವ್ರಹಾಂ ಕ್ಲೂಗರ್ ಮತ್ತು ಏಂಜೆಲೊ ಡಿನೀಸಿ 1996ರಲ್ಲಿ ಹಿಮ್ಮಾಹಿತಿಯ (ಮಾಡಿದ ಕೆಲಸ ಹೇಗಿದೆ ಎಂದು ಮಾಡಿದವರಿಗೆ ತಿಳಿಸುವುದರ) ಬಗೆಗಿನ ಪ್ರಯೋಗಗಳಿಂದ 607 ಫಲಿತಾಂಶಗಳನ್ನು ಒಟ್ಟುಗೂಡಿಸಿದಾಗ, ಸರಾಸರಿಯಲ್ಲಿ ಲಾಭವಿದ್ದರೂ ಮೂರರಲ್ಲಿ ಒಂದಕ್ಕಿಂತ ಹೆಚ್ಚು ಸಂದರ್ಭಗಳಲ್ಲಿ ಹಿಮ್ಮಾಹಿತಿಯಿಂದ ಸಾಧನೆ ಕುಗ್ಗಿತ್ತು. ಗಮನವು ಕೆಲಸದಿಂದ ಸರಿದು ವ್ಯಕ್ತಿಯ ಮೇಲೆ ಹೋದಾಗ ಹೀಗಾಗುವ ಸಾಧ್ಯತೆ ಹೆಚ್ಚು ಎಂಬುದು ಅವರ ವಿವರಣೆ; ನೀನು ಜಾಣೆ ಎಂಬ ಹೊಗಳಿಕೆಯೂ ಇದೇ ಗುಂಪಿಗೆ ಸೇರುತ್ತದೆ. ಅಂಕ ಕೊಡದೆ ಇರುವ ಸ್ವಾತಂತ್ರ್ಯ ನಮ್ಮಲ್ಲಿ ಹೆಚ್ಚಿನವರಿಗೆ ಇಲ್ಲ. ಆದರೆ ಪತ್ರಿಕೆಯನ್ನು ಮೊದಲು ಸಲಹೆಗಳೊಂದಿಗೆ ಮಾತ್ರ ಹಿಂದಿರುಗಿಸಿ, ಮಕ್ಕಳು ತರಗತಿಯಲ್ಲೇ ಕುಳಿತು ಒಂದೆರಡು ಉತ್ತರಗಳನ್ನು ತಿದ್ದಿ ಬರೆದ ಮೇಲೆ ಅಂಕವನ್ನು ತಿಳಿಸುವುದಕ್ಕೆ ಯಾವ ನಿಯಮವೂ ಅಡ್ಡಬರುವುದಿಲ್ಲ. ಮೊದಲ ದಿನ 'ಅಂಕ ಎಲ್ಲಿ?' ಎಂದು ಗಲಾಟೆಯಾಗುತ್ತದೆ. ನಾಲ್ಕಾರು ಸಲ ಹೀಗೆ ಮಾಡಿದ ಮೇಲೆ ಪತ್ರಿಕೆ ಕೈಗೆ ಬಂದ ಕೂಡಲೇ ಅಂಚಿನಲ್ಲಿ ಬರೆದದ್ದನ್ನು ಓದತೊಡಗುತ್ತಾರೆ, ಕೆಲವರು ಸಲಹೆಯ ಬಗ್ಗೆ ತಕರಾರನ್ನೂ ತೆಗೆಯುತ್ತಾರೆ.